ತುರುಗೊಳ್‌ನಿಂದ ಗೋಮಾಳದವರೆಗೆ: ಕಾವಲಿನ ಕಗ್ಗಂಟು ಬೆಳೆದು ಬಂದ ದಾರಿ

ಚಿತ್ರದುರ್ಗ, ಚಿಕ್ಕಮಗಳೂರು, ತುಮಕೂರು, ಹಾಸನ ಜಿಲ್ಲೆಗಳ ಬಯಲುಸೀಮೆಯಲ್ಲಿ ‘ಕಾವಲು’, ಅಂದರೆ ದನಗಳಿಗೆ ಮೀಸಲಿಟ್ಟ ಹುಲ್ಲುಗಾವಲು, ಎಂಬ ಮಾತು ಕೇಳಿಬಂದರೆ ಸಾಮಾನ್ಯವಾಗಿ ಅದರ ಹಿಂದೆ ಒಂದು ವ್ಯಾಜ್ಯ ಇದ್ದೇ ಇರುತ್ತದೆ. ಒಂದೇ ಹುಲ್ಲುಗಾವಲನ್ನು ಪಶುಸಂಗೋಪನಾ ಇಲಾಖೆ ಹಿಂದಿನ ಅರಮನೆಯ ಮಂದೆಯಾದ ಅಮೃತಮಹಲ್‌ನ ಕಾವಲೆಂದು, ಕಂದಾಯ ಇಲಾಖೆ ಸರ್ಕಾರಿ ಜಮೀನೆಂದು, ಅರಣ್ಯ ಇಲಾಖೆ ವನ್ಯಜೀವಿಗಳ ನೆಲೆಯೆಂದು ಹೇಳುತ್ತದೆ. ಎರಡು ತಲೆಮಾರಿನಿಂದ ಅಲ್ಲಿ ರಾಗಿ, ಶೇಂಗಾ ಬಿತ್ತುತ್ತಿರುವ ಬಡ ರೈತ ತನ್ನ ಬಗರ್‌ಹುಕುಂ ಅರ್ಜಿ ತೋರಿಸುತ್ತಾನೆ. ಕುರಿಗಾರರು ಮತ್ತು ದನಗಾಹಿಗಳ ಬಳಿ ತೋರಿಸಲು ಕಾಗದವಿಲ್ಲ. ಅಜ್ಜನ ಕಾಲದಿಂದ ಮೇಯಿಸಿಕೊಂಡು ಬಂದಿದ್ದೇವೆ ಎಂಬುದಷ್ಟೇ ಅವರ ದಾಖಲೆ. ಈ ವಾದಗಳಲ್ಲಿ ಯಾವುದೂ ಪೂರ್ತಿ ಸುಳ್ಳಲ್ಲವಾದ್ದರಿಂದಲೇ ವಿಷಯ ಇಷ್ಟು ಗೋಜಲಾಗಿದೆ. ಇದರ ಎಳೆ ಹಿಡಿದು ಹಿಂದಕ್ಕೆ ಹೋದರೆ, ಇಂದಿನ ಕಡತಗಳಿಗಿಂತ ಬಹಳ ಹಿಂದೆ, ವೀರಗಲ್ಲುಗಳ ಕಾಲಕ್ಕೆ ಹೋಗಿ ನಿಲ್ಲುತ್ತೇವೆ.

ಹಳಗನ್ನಡದಲ್ಲಿ ‘ತುರು’ ಎಂದರೆ ಹಸು, ದನ. ‘ತುರುಗೊಳ್’ ಎಂದರೆ ದನಗಳನ್ನು ಹೊಡೆದುಕೊಂಡು ಹೋಗುವುದು. ಗಡಿಕಾಳಗ, ಊರಳಿವು, ಪೆಣ್ಬುಯ್ಯಲ್ (ಹೆಣ್ಣಿನ ಮಾನ ಕಾಯುವ ಕಾಳಗ) ಎಂದು ಶಾಸನಗಳು ಹೆಸರಿಸುವ ಹೋರಾಟಗಳ ಸಾಲಿನಲ್ಲಿ ತುರುಗೊಳ್ ಕೂಡ ಸೇರಿದ್ದು, ಕರ್ನಾಟಕದ ವೀರಗಲ್ಲುಗಳಲ್ಲಿ ಬಹುದೊಡ್ಡ ಪಾಲು ಇದಕ್ಕೆ ಸಂಬಂಧಿಸಿದ್ದಾಗಿದೆ. ಗಂಗರು, ರಾಷ್ಟ್ರಕೂಟರು, ಕಲ್ಯಾಣದ ಚಾಲುಕ್ಯರು, ಹೊಯ್ಸಳರು ಹೀಗೆ ರಾಜವಂಶಗಳು ಬದಲಾದರೂ ಊರಿನ ಮಟ್ಟದ ಈ ಕಾಳಗ ನಿಲ್ಲಲಿಲ್ಲ. ಸಂಸ್ಕೃತದ ‘ಧನ’ವೇ ಕನ್ನಡದಲ್ಲಿ ‘ದನ’ವಾಯಿತು ಎಂಬುದನ್ನು ನೆನೆದರೆ ಕಾರಣ ತಿಳಿಯುತ್ತದೆ. ಉಳುವ ಎತ್ತು, ಹೊಲಕ್ಕೆ ಗೊಬ್ಬರ, ಮನೆಗೆ ಹಾಲು ತುಪ್ಪ, ಸರಕು ಸಾಗಿಸುವ ಹೇರು ಎಲ್ಲವೂ ದನದಿಂದಲೇ ನಡೆಯುತ್ತಿದ್ದ ಕಾಲದಲ್ಲಿ ಒಂದು ಮಂದೆ ಕೈಬಿಟ್ಟರೆ ಊರಿನ ಮುಂದಿನ ವರ್ಷದ ಬೇಸಾಯವೇ ಕೈಬಿಟ್ಟಂತಾಗುತ್ತಿತ್ತು.

ಇಂತಹ ಒಂದು ವೀರಗಲ್ಲನ್ನು ಹತ್ತಿರದಿಂದ ನೋಡಬೇಕು. ಕಲ್ಲು ಸಾಮಾನ್ಯವಾಗಿ ಮೂರು ಪಟ್ಟಿಕೆಗಳಾಗಿರುತ್ತದೆ. ಕೆಳಗಿನದರಲ್ಲಿ ಬಿಲ್ಲೋ ಕತ್ತಿಯೋ ಹಿಡಿದ ವೀರನಿದ್ದಾನೆ, ಎದುರಿಗೆ ಶತ್ರುಗಳು, ಪಕ್ಕದಲ್ಲಿ ಒಂದರ ಹಿಂದೊಂದು ಒತ್ತಿಕೊಂಡು ನಿಂತ ದನಗಳು. ಶಿಲ್ಪಿಗೆ ಜಾಗ ಸಾಲದಿದ್ದಾಗ ದನಗಳ ಮೈ ಬಿಟ್ಟು ಬರೀ ಮುಖ ಮತ್ತು ಕೋಡುಗಳನ್ನು ಮೇಲೆ ಮೇಲೆ ಜೋಡಿಸಿರುವುದೂ ಉಂಟು. ನಡುವಿನ ಪಟ್ಟಿಕೆಯಲ್ಲಿ ಅಪ್ಸರೆಯರು ವೀರನನ್ನು ತೋಳು ಹಿಡಿದು ಕರೆದೊಯ್ಯುತ್ತಾರೆ. ಮೇಲಿನದರಲ್ಲಿ ಅವನು ಲಿಂಗದ ಮುಂದೆ ಕೈಮುಗಿದು ಕುಳಿತಿದ್ದಾನೆ. ‘ತುರುವಂ ಮಗುಳ್ಚಿ’ ಎಂದರೆ ದನಗಳನ್ನು ಹಿಂದಿರುಗಿಸಿ ಸತ್ತ ಎಂಬುದು ಈ ಶಾಸನಗಳ ಸಾಮಾನ್ಯ ವಾಕ್ಯ. ಗಮನಿಸಬೇಕಾದ ಮಾತೆಂದರೆ, ಹೀಗೆ ಸತ್ತವರಲ್ಲಿ ಹೆಚ್ಚಿನವರು ರಾಜರಲ್ಲ, ಸಾಮಂತರೂ ಅಲ್ಲ. ಊರಿನ ಗೌಡ, ಅವನ ಮಗ, ಒಬ್ಬ ಆಳು, ಒಬ್ಬ ದನಗಾಹಿ. ಸತ್ತವನ ಮನೆಯವರಿಗೆ ‘ನೆತ್ತರುಗೊಡಗೆ’ ಎಂಬ ಹೆಸರಿನಲ್ಲಿ ಭೂಮಿ ಬಿಡುತ್ತಿದ್ದರು. ದನಕ್ಕಾಗಿ ಹೋದ ಜೀವಕ್ಕೆ ನೆಲದಿಂದ ಋಣ ತೀರಿಸುವ ಪದ್ಧತಿ ಅದು.

ದನಕ್ಕೆ ಮಾತ್ರ ಈ ಮನ್ನಣೆ ಸಿಕ್ಕಿತ್ತು ಎಂದು ತಿಳಿಯಬೇಕಾಗಿಲ್ಲ. ಮಂಡ್ಯ ಜಿಲ್ಲೆ ಮದ್ದೂರು ತಾಲ್ಲೂಕಿನ ಆತಕೂರಿನ ಶಾಸನ ಒಂದು ನಾಯಿಯ ನೆನಪಿಗಾಗಿ ನಿಂತದ್ದು. ಅದು ಶಕವರ್ಷ 872, ಅಂದರೆ ಕ್ರಿ.ಶ. 949–50ರ ಶಾಸನ. ರಾಷ್ಟ್ರಕೂಟ ಮೂರನೆಯ ಕೃಷ್ಣ ತಕ್ಕೋಲದಲ್ಲಿ ಚೋಳರನ್ನು ಸೋಲಿಸಿದ ಯುದ್ಧವನ್ನು ಇದು ಹೇಳುತ್ತದೆಯಾದ್ದರಿಂದ ರಾಜಕೀಯ ಇತಿಹಾಸ ಬರೆಯುವವರು ಇದನ್ನು ಮತ್ತೆ ಮತ್ತೆ ಉಲ್ಲೇಖಿಸುತ್ತಾರೆ. ಆದರೆ ಕಲ್ಲಿನ ಮೇಲೆ ಕೆತ್ತಿರುವ ಚಿತ್ರದಲ್ಲಿ ಕೃಷ್ಣನೂ ಇಲ್ಲ, ಅವನ ಪರವಾಗಿ ಕಾದಿದ ಗಂಗ ದೊರೆ ಬೂತುಗನೂ ಇಲ್ಲ. ಅಲ್ಲಿರುವುದು ಒಂದು ನಾಯಿ ಮತ್ತು ಒಂದು ಕಾಡುಹಂದಿ. ಯುದ್ಧದಲ್ಲಿ ಪರಾಕ್ರಮ ತೋರಿದ ಬೂತುಗನ ಭಟ ಮಣಲೆರನಿಗೆ ಒಡೆಯನು ಮೆಚ್ಚಿ ಏನು ಬೇಕೆಂದು ಕೇಳಿದಾಗ ಅವನು ಬೇಡಿದ್ದು ‘ಕಾಳಿ’ ಎಂಬ ಹೆಸರಿನ ನಾಯಿಯನ್ನು. ಆ ಕಾಳಿ ಬೆಳತೂರಿನ ಪಡುವಣ ದಿಕ್ಕಿನ ಮೊರಡಿಯಲ್ಲಿ ದೊಡ್ಡ ಹಂದಿಯೊಂದರ ಮೇಲೆ ಬಿದ್ದು, ಎರಡೂ ಕಚ್ಚಾಡಿ ಸತ್ತವು. ಆತಕೂರಿನ ಚಲ್ಲೇಶ್ವರ ದೇವಾಲಯದ ಮುಂದೆ ಕಲ್ಲು ನೆಟ್ಟು, ಅದರ ಪೂಜೆಗೆಂದು ಭೂಮಿ ಬಿಟ್ಟರು. ಆ ಸ್ಥಾನವನ್ನು ನೋಡಿಕೊಳ್ಳುವ ಗೊರವನು ಕಲ್ಲಿಗೆ ಪೂಜೆ ಮಾಡದೆ ಉಂಡರೆ ಅವನಿಗೆ ನಾಯಿಯ ಪಾಪ ತಟ್ಟುವುದೆಂದು ಶಾಸನ ವಿಧಿಸುತ್ತದೆ. ಹೆಸರು, ಕಲ್ಲು, ಭೂಮಿ, ದಿನನಿತ್ಯದ ಪೂಜೆ, ತಪ್ಪಿದರೆ ಪಾಪ: ಒಬ್ಬ ವೀರನಿಗೆ ಸಲ್ಲುವುದೆಲ್ಲ ಒಂದು ನಾಯಿಗೆ ಸಂದಿತು. ಈ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಅತ್ತ ಹೋದವರು ಅದರ ಮುಂದೆ ಐದು ನಿಮಿಷ ನಿಲ್ಲಬೇಕೆಂದು ನನ್ನ ಕೋರಿಕೆ.

ಇದನ್ನೆಲ್ಲ ಬರೀ ಕರುಣೆ ಎಂದು ಓದಿದರೆ ಮಧ್ಯಕಾಲವನ್ನು ತಪ್ಪಾಗಿ ಓದಿದಂತಾಗುತ್ತದೆ. ಅದೇ ಸಮಾಜ ಬೇಟೆಯಾಡುತ್ತಿತ್ತು, ಆನೆಗಳನ್ನು ಕಾಡಿನಿಂದ ಹಿಡಿದು ತಂದು ಪಳಗಿಸಿ ಯುದ್ಧಕ್ಕೆ ನುಗ್ಗಿಸುತ್ತಿತ್ತು. 12ನೇ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ ‘ಮಾನಸೋಲ್ಲಾಸ’ದಲ್ಲಿ ಆನೆ ಹಿಡಿಯುವ ಬಗೆ, ಕುದುರೆಯ ಲಕ್ಷಣ, ಬೇಟೆ, ಮೀನು ಎಲ್ಲವೂ ಒಂದೇ ಶ್ರದ್ಧೆಯಿಂದ ಬಂದಿವೆ. ಅದೇ ರಾಜಮನೆತನದ ಕೀರ್ತಿವರ್ಮ ಕನ್ನಡದಲ್ಲಿ ‘ಗೋವೈದ್ಯ’ ಬರೆದ. ರಾಜಕುಮಾರನೊಬ್ಬ ದನದ ರೋಗಗಳ ಮದ್ದನ್ನು ಜನರ ಭಾಷೆಯಲ್ಲಿ ಬರೆಯಲು ಕುಳಿತನೆಂದರೆ ಆ ವಿದ್ಯೆಗೆ ಅರಮನೆಯಲ್ಲೂ ಬೆಲೆ ಇತ್ತೆಂದಾಯಿತು. ದಾನಶಾಸನಗಳ ಕೊನೆಯ ಶಾಪವಾಕ್ಯವನ್ನು ನೋಡಿದರೂ ಅಷ್ಟೆ: ಈ ಧರ್ಮವನ್ನು ಅಳಿದವನು ವಾರಣಾಸಿಯಲ್ಲಿ ಸಾವಿರ ಕವಿಲೆಯನ್ನು ಕೊಂದ ಪಾಪಕ್ಕೆ ಹೋಗುವನು. ಪಾಪವನ್ನು ಅಳೆಯಲು ಆ ಕಾಲ ಬಳಸಿದ ಅಳತೆಗೋಲೇ ಹಸು. ಕಲ್ಯಾಣದ ಶರಣರ ನಡುವೆ ದನ ಕಾಯುವುದನ್ನೇ ಕಾಯಕವಾಗಿಸಿಕೊಂಡ ತುರುಗಾಹಿ ರಾಮಣ್ಣನೂ ವಚನಕಾರನಾಗಿ ಕುಳಿತಿದ್ದ.

ಉಪಯೋಗ, ಭಯ, ಪ್ರೀತಿ, ಹಿಂಸೆ ಎಲ್ಲ ಬೆರೆತ ಈ ಸಂಬಂಧದಲ್ಲಿ ನನಗೆ ಮುಖ್ಯವಾಗಿ ಕಾಣುವುದು ಒಂದೇ ಅಂಶ: ಪ್ರಾಣಿಯ ಮಾತು ಬಂದಲ್ಲೆಲ್ಲ ನೆಲದ ಮಾತೂ ಬರುತ್ತಿತ್ತು. ತಾಮ್ರಶಾಸನಗಳು ಊರನ್ನು ದಾನ ಕೊಡುವಾಗ ‘ತೃಣ ಕಾಷ್ಠ ಉದಕ’ ಸಹಿತವಾಗಿ ಕೊಟ್ಟೆವೆಂದು ಬರೆಯುತ್ತಿದ್ದವು. ಕಟ್ಟಿಗೆ, ನೀರುಗಳ ಜೊತೆಗೆ ಹುಲ್ಲೂ ಊರಿನ ಆಸ್ತಿಯ ಪಟ್ಟಿಯಲ್ಲಿತ್ತು.

ವಿಜಯನಗರದ ಕಾಲಕ್ಕೆ ರಾಜರ ಗಮನ ಕುದುರೆಯ ಕಡೆಗೆ ಹೊರಳಿತು. ಒಳ್ಳೆಯ ಕುದುರೆ ದಕ್ಷಿಣದಲ್ಲಿ ಬೆಳೆಯುತ್ತಿರಲಿಲ್ಲ. ಹೋರ್ಮುಜ್ ಮತ್ತು ಏಡನ್‌ನಿಂದ ಸಮುದ್ರದ ಮೇಲೆ ಬರಬೇಕಿತ್ತು. ಸಾಳುವ ನರಸಿಂಹ ವರ್ತಕರಿಂದ ಕುದುರೆಗಳನ್ನು ಸತ್ತದ್ದೋ ಬದುಕಿದ್ದೋ ನೋಡದೆ ಕೊಳ್ಳುತ್ತಿದ್ದನೆಂದೂ, ಹಡಗಿನಲ್ಲಿ ಸತ್ತ ಕುದುರೆಯ ಬಾಲವನ್ನು ತಂದು ತೋರಿಸಿದರೂ ಪೂರ್ತಿ ಬೆಲೆ ಕೊಡುತ್ತಿದ್ದನೆಂದೂ ಪೋರ್ಚುಗೀಸ್ ವರ್ತಕ ನೂನಿಜ್ ಬರೆದಿದ್ದಾನೆ. ಆದರೆ ಆ ಸೈನ್ಯಕ್ಕೆ ದವಸ, ಗುಡಾರ, ಆಯುಧ ಹೊತ್ತದ್ದು ಎತ್ತು. ಶ್ರೀರಂಗಪಟ್ಟಣದಲ್ಲಿದ್ದ ವಿಜಯನಗರದ ಪ್ರತಿನಿಧಿಗಳ ದನಗಳು ಮೈಸೂರು ಒಡೆಯರ ಕೈಸೇರಿದವು. ಅವುಗಳಿಗೆ ಕಾವಲುಗಳನ್ನು ಮೀಸಲಿಟ್ಟರು. ಚಿಕ್ಕದೇವರಾಜ ಒಡೆಯರು (1673–1704) ಈ ವ್ಯವಸ್ಥೆಗೆ ‘ಬೆಣ್ಣೆ ಚಾವಡಿ’ ಎಂಬ ಇಲಾಖೆಯ ರೂಪ ಕೊಟ್ಟರು. ಹೆಸರೇ ಹೇಳುವಂತೆ ಅರಮನೆಗೆ ಹಾಲು ಬೆಣ್ಣೆ ಒದಗಿಸುವುದು ಅದರ ಕೆಲಸವಾಗಿತ್ತು. ಹೈದರ್ ಆ ಮಂದೆಯನ್ನು ತೋಪು (ಫಿರಂಗಿ) ಎಳೆಯುವುದಕ್ಕೆ ಹಚ್ಚಿದ. ಟಿಪ್ಪು ಅದನ್ನು ‘ಅಮೃತ ಮಹಲ್’ ಎಂದು ಕರೆದು, ಹುಕುಂನಾಮೆಯ ಮೂಲಕ ಅದರ ಆಡಳಿತದ ನಿಯಮಗಳನ್ನು ಬರೆಸಿದ.

ಕಾವಲಿನ ಏರ್ಪಾಡು ಸೊಗಸಾದದ್ದು. ಬೇಸಿಗೆಯ ಕಾವಲು, ಮಳೆಗಾಲದ ಕಾವಲು, ಚಳಿಗಾಲದ ಕಾವಲು ಎಂದು ಬೇರೆ ಬೇರೆ ವಿಂಗಡಣೆ ಇತ್ತು. ಬೇಸಿಗೆಯವು ಕೆರೆಯಂಗಳದ ಹತ್ತಿರವೋ ನೆರಳು ನೀರು ಇರುವಲ್ಲಿಯೋ ಇರುತ್ತಿದ್ದವು. ಮಳೆ ಬಿದ್ದ ಮೇಲೆ ಹುಲ್ಲು ಚಿಗುರುವ ಬಯಲುಗಳು ಮಳೆಗಾಲದವು. ಮಂದೆ ಒಂದು ಕಾವಲಿನಲ್ಲಿದ್ದಾಗ ಉಳಿದವುಗಳಲ್ಲಿ ಕರಡ ಬಲಿತು, ಬೀಜ ಉದುರಿ, ಮುಂದಿನ ಮಳೆಗೆ ಮತ್ತೆ ಮೊಳೆಯುತ್ತಿತ್ತು. ಹುಲ್ಲಿಗೂ ವಿಶ್ರಾಂತಿ ಬೇಕೆಂದು ಅರಿತವರು ಮಾಡಿದ ಏರ್ಪಾಡಿದು. ಈ ಮಂದೆಯ ಹಸುಗಳನ್ನು ಕರೆಯದೆ ಹಾಲೆಲ್ಲ ಕರುವಿಗೇ ಬಿಡುತ್ತಿದ್ದರಾದ್ದರಿಂದ ಎತ್ತುಗಳು ಗಟ್ಟಿಮುಟ್ಟಾಗಿ ಬೆಳೆದವು. 1799ರ ನಂತರ ಮಂದೆ ಇಂಗ್ಲಿಷರ ವಶವಾಯಿತು. ಆರ್ಥರ್ ವೆಲ್ಲೆಸ್ಲಿಯ ಮರಾಠಾ ದಂಡಯಾತ್ರೆಗೂ ಇವೇ ಎತ್ತುಗಳು ನಡೆದವು. 1860ರಲ್ಲಿ ಖರ್ಚು ಉಳಿಸಲು ಮಂದೆಯನ್ನು ಮಾರಿದರು, 1866ರಲ್ಲಿ ಮತ್ತೆ ಕಟ್ಟಿದರು, 1882ರಲ್ಲಿ ಅದು ಮೈಸೂರು ಸರ್ಕಾರಕ್ಕೆ ಬಂತು. ಆ ಹೊತ್ತಿಗೆ ಕಾವಲುಗಳು ಲಕ್ಷಾಂತರ ಎಕರೆಯಷ್ಟು ಇದ್ದವು.

ಕಗ್ಗಂಟು ಬಿಗಿಯಾಗತೊಡಗಿದ್ದು ಇಲ್ಲಿಂದ ಮುಂದೆ. ರೈಲು ಬಂತು, ಲಾರಿ ಬಂತು, ತೋಪು ಎಳೆಯುವ ಎತ್ತು ಬೇಡವಾಯಿತು. ಭೂಮಿಯ ಬೆಲೆಯನ್ನು ಬೆಳೆಯಿಂದಲೇ ಅಳೆಯುವ ಕಂದಾಯದ ಭಾಷೆಯಲ್ಲಿ ಉಳದ ನೆಲಕ್ಕೆ ಇದ್ದ ಪದಗಳೆಂದರೆ ಬೀಳು, ಬಂಜರು, ಖರಾಬು. ಹುಲ್ಲು ಬೆಳೆಯುವ ನೆಲ ಕಾಗದದಲ್ಲಿ ಕೆಲಸಕ್ಕೆ ಬಾರದ ನೆಲವಾಗಿ ಕಂಡಿತು. ಹಾಗೆ ಕಂಡ ಮೇಲೆ ಅದನ್ನು ಬೇರೆ ಕೆಲಸಕ್ಕೆ ಕೊಡುವುದು ಯಾರಿಗೂ ತಪ್ಪೆನಿಸಲಿಲ್ಲ. ಸ್ವಾತಂತ್ರ್ಯದ ನಂತರ ಹೆಚ್ಚು ಧಾನ್ಯ ಬೆಳೆಯಬೇಕಾಗಿತ್ತು, ಭೂಹೀನರಿಗೆ ಭೂಮಿ ಹಂಚಬೇಕಾಗಿತ್ತು, ಮರ ನೆಡಬೇಕಾಗಿತ್ತು. ಇವೆಲ್ಲವೂ ಒಳ್ಳೆಯ ಉದ್ದೇಶಗಳೇ, ಮತ್ತು ಎಲ್ಲಕ್ಕೂ ಸುಲಭವಾಗಿ ಸಿಕ್ಕಿದ್ದು ಕಾವಲು ಮತ್ತು ಗೋಮಾಳ. ನೀಲಗಿರಿ, ಅಕೇಶಿಯ ನೆಟ್ಟ ಕಡೆ ಹುಲ್ಲು ಸೊರಗಿತು.

ಊರಿನ ಗೋಮಾಳಕ್ಕೆ ಕಾನೂನಿನಲ್ಲಿ ಇಂದಿಗೂ ಜಾಗವಿದೆ: ನೂರು ರಾಸುಗಳಿಗೆ 30 ಎಕರೆ ಇರಬೇಕೆಂದು ಭೂಕಂದಾಯ ನಿಯಮ ಹೇಳುತ್ತದೆ. ಈ ಲೆಕ್ಕಕ್ಕೊಂದು ಒಳಮುಖವೂ ಇದೆ. ರಾಸುಗಳು ಕಡಿಮೆಯಾದರೆ ಗೋಮಾಳ ‘ಹೆಚ್ಚುವರಿ’ಯಾಗುತ್ತದೆ, ಗೋಮಾಳ ಕಡಿಮೆಯಾದರೆ ಮೇವಿಲ್ಲದೆ ರಾಸುಗಳನ್ನು ಮಾರಬೇಕಾಗುತ್ತದೆ. ಇತ್ತ ನಮೂನೆ 50, 53, 57 ಎಂದು ಸಕ್ರಮೀಕರಣದ ಅರ್ಜಿಗಳಿಗೆ ಮತ್ತೆ ಮತ್ತೆ ಅವಕಾಶ ತೆರೆಯಿತು. ಅರ್ಜಿ ಹಾಕಿದವರಲ್ಲಿ ನಿಜವಾದ ಬಡವರೂ ಇದ್ದಾರೆ, ಬಡವರ ಹೆಸರಿನಲ್ಲಿ ಬಂದವರೂ ಇದ್ದಾರೆ. ಇವರನ್ನು ಬೇರ್ಪಡಿಸುವುದು ತಾಲ್ಲೂಕು ಕಚೇರಿಗಳಿಗೆ ದಶಕಗಳಿಂದ ಮುಗಿಯದ ಕೆಲಸ.

ಅಮೃತಮಹಲ್ ತಳಿಯ ಸಂವರ್ಧನೆಗೆ ಅಜ್ಜಂಪುರದಲ್ಲಿ ಕೇಂದ್ರವಿದೆ. ಕಡೂರು ತಾಲ್ಲೂಕಿನ ಬಾಸೂರು ಕಾವಲನ್ನು ಅಲ್ಲಿನ ಕೃಷ್ಣಮೃಗಗಳ ಕಾರಣದಿಂದ 2011ರಲ್ಲಿ ಸಂರಕ್ಷಣಾ ಮೀಸಲು ಪ್ರದೇಶವೆಂದು ಘೋಷಿಸಲಾಯಿತು. ದನಕ್ಕಾಗಿ ಶತಮಾನಗಳ ಕಾಲ ಕಾದಿಟ್ಟ ಹುಲ್ಲು ಕಾಡುಪ್ರಾಣಿಗಳನ್ನೂ ಉಳಿಸಿತ್ತು ಎಂಬುದು ಆಗ ಬಹಳ ಜನರಿಗೆ ಹೊಸ ಸಂಗತಿಯಾಗಿತ್ತು. ಹೆಚ್ಚುಕಡಿಮೆ ಅದೇ ವರ್ಷಗಳಲ್ಲಿ ಚಳ್ಳಕೆರೆ ತಾಲ್ಲೂಕಿನ ಕುದಾಪುರ, ಉಳ್ಳಾರ್ತಿ, ವರವು ಕಾವಲುಗಳ ಸುಮಾರು 10,000 ಎಕರೆ ವಿಜ್ಞಾನ ಮತ್ತು ರಕ್ಷಣಾ ಸಂಸ್ಥೆಗಳಿಗೆ ಮಂಜೂರಾಯಿತು. ದೇಶಕ್ಕೆ ಆ ಸಂಸ್ಥೆಗಳು ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಸುತ್ತಲಿನ ಹಳ್ಳಿಗಳ ಕುರಿಗಾರರಿಗೆ, ಕಂಬಳಿ ನೇಯುವವರಿಗೆ ವಿಷಯ ಸರಿಯಾಗಿ ತಿಳಿದದ್ದು ಬಯಲಿನ ನಡುವೆ ಗೋಡೆ ಏಳತೊಡಗಿದಾಗ. ಪ್ರಕರಣ ಹಸಿರು ನ್ಯಾಯಮಂಡಳಿಯವರೆಗೂ ಹೋಯಿತು.

ಅದೇ ಚಳ್ಳಕೆರೆ, ಮೊಳಕಾಲ್ಮೂರು ಸೀಮೆಯಲ್ಲಿ ಪಶುಪಾಲಕ ಸಮುದಾಯವಾದ ಮ್ಯಾಸಬೇಡರ ‘ದೇವರ ಎತ್ತು’ಗಳ ಮಂದೆಗಳು ಇಂದಿಗೂ ಇವೆ. ಈ ಎತ್ತುಗಳನ್ನು ಉಳುಮೆಗೆ ಹೂಡುವುದಿಲ್ಲ, ಮಾರುವುದಿಲ್ಲ. ಸತ್ತರೆ ವಿಧಿಪೂರ್ವಕವಾಗಿ ಮಣ್ಣು ಮಾಡುತ್ತಾರೆ. ಅವುಗಳನ್ನು ಕಾಯುವವನು ಕಿಲಾರಿ. ಬೆಳಿಗ್ಗೆ ರೊಪ್ಪದಿಂದ ಮಂದೆ ಬಿಟ್ಟು ಬಯಲಿಗೆ ಹೊಡೆದುಕೊಂಡು ಹೋಗುವುದು, ಸಂಜೆ ತಿರುಗಿಸಿಕೊಂಡು ಬರುವುದು ಅವನ ದಿನಚರಿ. ಇದಕ್ಕೆ ಹಳೆಯ ಶಾಸನಗಳ ಭಾಷೆಯಲ್ಲಿ ಪದ ಹುಡುಕಿದರೆ ‘ತುರುವಂ ಮಗುಳ್ಚಿ’ ಎಂದೇ ಸಿಗುತ್ತದೆ. ಮಳೆ ಕೈಕೊಟ್ಟ ವರ್ಷಗಳಲ್ಲಿ ಈ ಮಂದೆಗಳಿಗೆ ಮೇವು ದಾನ ಮಾಡಿರೆಂದು ಪತ್ರಿಕೆಗಳಲ್ಲಿ ಮನವಿ ಬರುತ್ತದೆ, ದಾನಿಗಳು ಒಣಹುಲ್ಲು ಕಳುಹಿಸುತ್ತಾರೆ, ಕಿಲಾರಿಗಳು ಲಾರಿಯಿಂದ ಹೊರೆ ಇಳಿಸಿಕೊಂಡು ಎತ್ತುಗಳ ಮುಂದೆ ಹರಡುತ್ತಾರೆ.