ಕ್ಯಾಂಪರ್ ವ್ಯಾನಿನ ಆನಿಂಗ್: ಅಳತೆ ಎಲ್ಲಿಂದ ಎಲ್ಲಿಗೆ?

ಕುಶಾಲನಗರದ ನಮ್ಮ ವರ್ಕ್‌ಶಾಪಿಗೆ ಕ್ಯಾಂಪರ್ ವ್ಯಾನ್ ತರುವವರಲ್ಲಿ ಹೆಚ್ಚಿನವರು ಆನಿಂಗಿನ, ಅಂದರೆ ನೆರಳಿಗೆಂದು ಗಾಡಿಯ ಪಕ್ಕದಿಂದ ಹೊರಕ್ಕೆ ಬಿಚ್ಚುವ ಬಟ್ಟೆಯ ಚಪ್ಪರದ, ಅಳತೆಯನ್ನು ಮನೆಯಲ್ಲೇ ತೀರ್ಮಾನಿಸಿಕೊಂಡು ಬಂದಿರುತ್ತಾರೆ. ಗಾಡಿಯ ಉದ್ದದಲ್ಲಿ ಎರಡು ಅಡಿ ಕಳೆದು, ಉಳಿದಷ್ಟಕ್ಕೂ ಬಟ್ಟೆ ಬರಲಿ ಎನ್ನುವುದು ಅವರ ಲೆಕ್ಕ. ಕೊಟ್ಟ ಹಣಕ್ಕೆ ಹೆಚ್ಚು ನೆರಳು ಸಿಗಬೇಕೆಂಬ ಆಸೆ ಅದರ ಹಿಂದಿರುತ್ತದೆ. ಲಾರಿಗೆ ಬಾಡಿ ಕಟ್ಟುತ್ತ, ಟಾರ್ಪಾಲು ಹೊಲಿಯುತ್ತ ಬಂದ ನಾವು ಟೆಂಪೋ ಟ್ರಾವೆಲರ್‌ಗಳನ್ನು ಕ್ಯಾಂಪರ್ ವ್ಯಾನ್ ಆಗಿ ಮಾರ್ಪಡಿಸುವ ಕೆಲಸಕ್ಕೆ ಕೈಹಾಕಿದ ಹೊಸತರಲ್ಲಿ ನಾನೂ ಹಾಗೆಯೇ ಎಣಿಸಿದ್ದೆ. ಈಗ ಯಾರೇ ಬಂದರೂ ಮೊದಲು ರೈಲಿನ ಎತ್ತರವನ್ನು ಕೇಳುತ್ತೇನೆ. ರೈಲು ಎಂದರೆ ಬಟ್ಟೆಯ ಮೇಲಂಚು ಸಿಕ್ಕಿಕೊಳ್ಳುವ, ಗಾಡಿಯ ಪಕ್ಕದ ಗೋಡೆಯ ತುದಿಯಲ್ಲಿ ಕೂರುವ ಅಲ್ಯೂಮಿನಿಯಂ ಪಟ್ಟಿ.

ಈ ಪ್ರಶ್ನೆ ಮೊದಲು ಬರುವುದಕ್ಕೆ ಕಾರಣ ನಮ್ಮ ಮಳೆ. ಕ್ಯಾಂಪಿಂಗಿಗೆ ಜನ ಬರುವುದು ನವೆಂಬರಿನಿಂದ ಏಪ್ರಿಲ್‌ವರೆಗೆ, ಆಗ ಮಳೆಯ ಚಿಂತೆ ಏಕೆ ಎಂದು ಕೇಳುವವರಿದ್ದಾರೆ. ಆದರೆ ಫೆಬ್ರುವರಿಯ ಕೊನೆಯಿಂದ ಏಪ್ರಿಲ್‌ವರೆಗೆ ಯಾವ ದಿನವಾದರೂ ಬರಬಹುದಾದ ಹೂಮಳೆಗೆ ಕಾಫಿ ಬೆಳೆಗಾರರು ಕಾದು ಕುಳಿತಿರುತ್ತಾರೆ. ಅದು ಮಧ್ಯಾಹ್ನದ ಮೇಲೆ ಗುಡುಗು, ಗಾಳಿಯ ಜೊತೆ ಏಕಾಏಕಿ ಸುರಿದು ಹೋಗುವ ಮಳೆ. ನಮ್ಮಲ್ಲಿ ಮಳೆಯನ್ನು ಇಂಚು ಮತ್ತು ಸೆಂಟಿನ (ಇಂಚಿನ ನೂರರಲ್ಲೊಂದು ಭಾಗ) ಲೆಕ್ಕದಲ್ಲಿ ಹೇಳುವ ರೂಢಿಯಿದೆ, ನಾನೂ ಅದನ್ನೇ ಹಿಡಿಯುತ್ತೇನೆ. 10 ಅಡಿ ಅಗಲ, 8 ಅಡಿ ಚಾಚಿನ ಬಟ್ಟೆಯ ಮೇಲೆ ಒಂದು ಇಂಚು ಮಳೆ ಬಿದ್ದರೆ ಆ ನೀರು ಸುಮಾರು 190 ಲೀಟರ್ ಆಗುತ್ತದೆ, ಅಂದರೆ ಹೆಚ್ಚುಕಡಿಮೆ 190 ಕಿಲೋ. ಅದು ಬಿದ್ದ ಹಾಗೆಯೇ ಹರಿದುಹೋದರೆ ತೊಂದರೆಯಿಲ್ಲ. ಕಾಲು ಭಾಗ ಬಟ್ಟೆಯ ನಡುವೆ ಹೊಂಡವಾಗಿ ನಿಂತರೂ ಒಬ್ಬ ತೆಳ್ಳಗಿನ ಮನುಷ್ಯ ಆನಿಂಗಿನ ಮೇಲೆ ಹತ್ತಿ ಕುಳಿತಂತೆಯೇ. ತೋಳುಗಳು ಬಾಗುವುದು, ಬ್ರಾಕೆಟ್ಟು ಗೋಡೆಯ ತಗಡನ್ನು ಎಳೆದುಕೊಂಡು ಬರುವುದು ಅಲ್ಲಿಂದ ಶುರು.

ನೀರು ನಿಲ್ಲದಿರಬೇಕಾದರೆ ಇಳಿಜಾರು ಬೇಕು. ಯುರೋಪಿನ ಆನಿಂಗ್ ಮಾನದಂಡವಾದ ಇಎನ್ 13561 ಮಳೆನೀರಿನ ಪರೀಕ್ಷೆಗೆ 14 ಡಿಗ್ರಿ ಇಳಿಜಾರನ್ನು ಇಟ್ಟುಕೊಂಡಿದೆ. ನಮ್ಮ ಮೇಸ್ತ್ರಿಗಳ ಭಾಷೆಯಲ್ಲಿ ಹೇಳುವುದಾದರೆ ಅದು ಅಡಿಗೆ ಮೂರು ಇಂಚು. 8 ಅಡಿ ಮುಂದಕ್ಕೆ ಚಾಚುವ ಆನಿಂಗಿಗೆ ಎರಡು ಅಡಿ ಇಳಿತ ಬೇಕಾಗುತ್ತದೆ. ರೈಲು ನೆಲದಿಂದ 8 ಅಡಿ ಎತ್ತರದಲ್ಲಿದ್ದರೆ ಮುಂದಿನ ಅಂಚು 6 ಅಡಿಗೆ ಬಂದು ನಿಲ್ಲುತ್ತದೆ, ತಲೆ ತಗ್ಗಿಸದೆ ಓಡಾಡಬಹುದು. ರೈಲು ಏಳೂವರೆ ಅಡಿಯಲ್ಲಿದ್ದರೆ ಅದೇ 8 ಅಡಿಯ ಆನಿಂಗಿನ ಮುಂದಿನ ಅಂಚು ಐದೂವರೆ ಅಡಿಗೆ ಇಳಿದು ಹಣೆಗೆ ತಾಗುತ್ತದೆ. ಹಣೆಗೆ ತಾಗುವುದನ್ನು ಯಾರೂ ಸಹಿಸುವುದಿಲ್ಲ, ಮುಂದಿನ ಕಾಲುಗಳನ್ನು ಮೇಲಕ್ಕೆತ್ತಿ ಬಟ್ಟೆಯನ್ನು ಚಪ್ಪಟೆ ಮಾಡುತ್ತಾರೆ, ಮಳೆ ಬಂದಾಗ ಇಳಿಸಲು ಮರೆಯುತ್ತಾರೆ. ಆದ್ದರಿಂದ ನನ್ನ ಲೆಕ್ಕ ಸರಳವಾಗಿದೆ: ರೈಲಿನ ಎತ್ತರದಲ್ಲಿ 6 ಅಡಿ ಕಳೆಯಬೇಕು, ಉಳಿದದ್ದನ್ನು ನಾಲ್ಕರಿಂದ ಗುಣಿಸಬೇಕು, ಅದಕ್ಕಿಂತ ಹೆಚ್ಚಿನ ಚಾಚು ಕೊಡಗಿನಲ್ಲಿ ಬೇಡ. ಏಳೂವರೆ ಅಡಿಯ ರೈಲಿಗೆ 6 ಅಡಿ ಚಾಚು. 7 ಅಡಿಯ ರೈಲಿಗೆ ಬರುವುದು ನಾಲ್ಕೇ ಅಡಿ. ಅಂಥ ತಗ್ಗು ಗಾಡಿಗೆ ಆನಿಂಗೇ ಬೇಡ, ಬಿಚ್ಚಿ ಮಡಚಿಡುವ ಟಾರ್ಪಾಲು ಸಾಕು ಎಂದು ವ್ಯಾಪಾರ ಬಿಟ್ಟು ಕಳುಹಿಸಿದ್ದೂ ಇದೆ. ಒಂದು ಮೂಲೆಯ ಕಾಲನ್ನು ಮಾತ್ರ ತಗ್ಗಿಸಿ ನೀರನ್ನು ಆ ಕಡೆಗೆ ಹರಿಸುವ ಉಪಾಯವನ್ನು ಬಲ್ಲವರು ಈ ಲೆಕ್ಕವನ್ನು ತುಸು ಸಡಿಲಿಸಬಹುದು.

ಎತ್ತರವನ್ನು ಅಳೆಯುವ ಜಾಗವೂ ಸರಿಯಾಗಿರಬೇಕು. ತೋಟದ ಮನೆಯ ಮುಂದೆ ಕಾಫಿ ಒಣಗಿಸುವ ಸಿಮೆಂಟಿನ ಕಣ ಕಣ್ಣಿಗೆ ಸಪಾಟಾಗಿ ಕಾಣುತ್ತದೆ, ಆದರೆ ನೀರು ನಿಲ್ಲಬಾರದೆಂದು ಅದನ್ನು ಕಟ್ಟುವಾಗಲೇ ಒಂದು ಕಡೆಗೆ ವಾಟ ಕೊಟ್ಟಿರುತ್ತಾರೆ. ಅಲ್ಲಿ ನಿಲ್ಲಿಸಿ ಅಳೆದರೆ ಗೋಡೆಯ ಬುಡಕ್ಕೂ ಆನಿಂಗಿನ ಮುಂದಿನ ಕಾಲು ಊರುವ ಜಾಗಕ್ಕೂ ಎರಡು ಮೂರು ಇಂಚಿನ ವ್ಯತ್ಯಾಸ ಬರಬಹುದು. ಮೇಸ್ತ್ರಿಗಳು ಬಳಸುವ, ನೀರು ತುಂಬಿದ ಮಟ್ಟದ ಪೈಪನ್ನು ಹಿಡಿದು ನೋಡಿದರೆ ಇದು ತಿಳಿಯುತ್ತದೆ. ಹಾಗೆಯೇ ನೀರಿನ ಟ್ಯಾಂಕು, ಗ್ಯಾಸ್ ಸಿಲಿಂಡರು, ಹಾಸಿಗೆ ಎಲ್ಲವನ್ನೂ ಹೇರಿದ ಮೇಲೆಯೇ ಅಳೆಯಬೇಕು. ಖಾಲಿ ಗಾಡಿ ಸ್ಪ್ರಿಂಗ್ ಪ್ಲೇಟಿನ ಮೇಲೆ ಎತ್ತಿ ನಿಂತಿರುತ್ತದೆ, ಭಾರ ಬಿದ್ದಾಗ ಕೂರುತ್ತದೆ.

ಇನ್ನು ಬಾಗಿಲು. ಹೊರಕ್ಕೆ ತೆರೆಯುವ ಬಾಗಿಲಿನ ಮೇಲಿನ ಮೂಲೆ ಬಟ್ಟೆಗೆ ಉಜ್ಜಿ ತೂತಾಗುವುದು ನಾನು ಅತಿ ಹೆಚ್ಚು ಕಂಡಿರುವ ದೋಷ. ಇದಕ್ಕೂ ಮೇಲಿನ ಇಳಿಜಾರಿನ ಲೆಕ್ಕವೇ ಅನ್ವಯಿಸುತ್ತದೆ. ಎರಡು ಅಡಿ ಅಗಲದ ಬಾಗಿಲು ಪೂರ್ತಿ ತೆರೆದಾಗ ಅದರ ಹೊರಮೂಲೆ ಗೋಡೆಯಿಂದ ಎರಡು ಅಡಿ ದೂರದಲ್ಲಿರುತ್ತದೆ, ಆ ಜಾಗದಲ್ಲಿ ಬಟ್ಟೆ ರೈಲಿಗಿಂತ 6 ಇಂಚು ಕೆಳಗೆ ಬಂದಿರುತ್ತದೆ. ಬಟ್ಟೆ ಜೋಲುವುದಕ್ಕೆಂದು ಇನ್ನೆರಡು ಇಂಚು ಸೇರಿಸಿದರೆ, ಬಾಗಿಲಿನ ಮೇಲಂಚಿಗೂ ರೈಲಿಗೂ ನಡುವೆ ಕನಿಷ್ಠ 8 ಇಂಚು ಅಂತರ ಬೇಕೆಂದಾಯಿತು. ಅಷ್ಟು ಸಿಗದಿದ್ದರೆ ರೈಲನ್ನು ಚಾವಣಿಯ ಕಡೆಗೆ ಏರಿಸುವ ಬ್ರಾಕೆಟ್ಟು ಹಾಕಬೇಕು, ಇಲ್ಲವೇ ಬಾಗಿಲಿನ ಮೂಲೆಗೆ ಚಿಕ್ಕ ರಬ್ಬರ್ ಉರುಳೆ ಕೂರಿಸಬೇಕು. ಎರಡನೆಯದು ಅಗ್ಗ, ಮೊದಲನೆಯದು ಸರಿಯಾದದ್ದು.

ಉದ್ದದ ಪ್ರಶ್ನೆ ಬರುವುದು ಇದಾದ ಮೇಲೆ. ಗಾಡಿಯ ಮುಂಭಾಗ ಗಾಜಿನ ಕಡೆಗೆ ಬಾಗುತ್ತದೆ, ಹಿಂಭಾಗದ ಮೂಲೆ ದುಂಡಗಿರುತ್ತದೆ, ಕೆಲವಕ್ಕೆ ಪಕ್ಕದಲ್ಲೇ ಏಣಿಯಿರುತ್ತದೆ. ಇವನ್ನೆಲ್ಲ ಬಿಟ್ಟು, ನೂಲು ಹಿಡಿದರೆ ಎಲ್ಲೂ ಬೆಳಕು ಕಾಣದಷ್ಟು ನೇರವಾಗಿರುವ ಗೋಡೆಯ ಉದ್ದವೆಷ್ಟೋ ಅಷ್ಟೇ ನಮ್ಮ ಜಾಗ. ಸಿದ್ಧ ಆನಿಂಗುಗಳು ನಿಗದಿತ ಅಳತೆಗಳಲ್ಲಿ ಮಾತ್ರ ಬರುತ್ತವೆ. ಅಮೆರಿಕದವು ಅಡಿ ಅಡಿಯ ಅಂತರದಲ್ಲಿ, ಯುರೋಪಿನವು ಸೆಂಟಿಮೀಟರಿನಲ್ಲಿ. ಜಾಗ ಎರಡು ಅಳತೆಗಳ ನಡುವೆ ಬಿದ್ದರೆ ಚಿಕ್ಕದನ್ನೇ ಆರಿಸಬೇಕು. ಪೂರ್ತಿ ಬಟ್ಟೆ ಕ್ಯಾಸೆಟ್ಟಿನೊಳಗೆ, ಅಂದರೆ ಗೋಡೆಗೆ ಕೂರಿಸಿದ ಉದ್ದನೆಯ ಪೆಟ್ಟಿಗೆಯೊಳಗೆ, ಸುತ್ತಿಕೊಳ್ಳುವಂಥ ಆನಿಂಗಿನ ತೂಕ 20 ಕಿಲೋಗೂ ಮೀರುವುದರಿಂದ, ಅದರ ಬ್ರಾಕೆಟ್ಟುಗಳು ಬಾಡಿಯ ಒಳಗಿನ ಚೌಕಟ್ಟಿನ ಕಂಬಿಗೆ ಸಿಗುವಂತಿರಬೇಕು. ಬರೀ ತಗಡಿಗೆ ಸ್ಕ್ರೂ ಹೊಡೆದದ್ದು ಭಾಗಮಂಡಲದ ರಸ್ತೆಯಲ್ಲಿ ಒಂದು ಸುತ್ತು ಹೋಗಿ ಬರುವಷ್ಟರಲ್ಲಿ ಸಡಿಲಾಗಿರುತ್ತದೆ.

ಹಳೆಯ ಆನಿಂಗನ್ನು ಬದಲಾಯಿಸುವವರು ಇಲ್ಲಿ ಇನ್ನೊಂದು ಸೂಕ್ಷ್ಮವನ್ನು ಗಮನಿಸಬೇಕು. ಎರಡು ಬದಿಯಲ್ಲಿ ತೋಳುಗಳಿರುವ ಅಮೆರಿಕದ ಮಾದರಿಯಲ್ಲಿ ಆನಿಂಗಿನ ಅಳತೆ ಎಂದು ಹೇಳುವುದು ಒಂದು ತೋಳಿನ ನಡುಮಧ್ಯದಿಂದ ಇನ್ನೊಂದು ತೋಳಿನ ನಡುಮಧ್ಯಕ್ಕಿರುವ ದೂರವನ್ನು. ಬಟ್ಟೆ ಅದಕ್ಕಿಂತ ಸಾಮಾನ್ಯವಾಗಿ 8ರಿಂದ 10 ಇಂಚು ಕಡಿಮೆ ಇರುತ್ತದೆ. ಇದು ಗೊತ್ತಿಲ್ಲದ ಕಾಲದಲ್ಲಿ, ಹೊರದೇಶದಿಂದ ಬಂದಿದ್ದ ಒಂದು ಕ್ಯಾರವಾನಿನ ಹರಿದ ಬಟ್ಟೆಯನ್ನು ಅಂಚಿನಿಂದ ಅಂಚಿಗೆ ಅಳೆದು, 12 ಅಡಿ 3 ಇಂಚು ಬಂದದ್ದನ್ನು 12 ಅಡಿಯೆಂದು ಬರೆದು, ಇಡೀ ಸೆಟ್ಟನ್ನೇ ತರಿಸಿದೆ. ನಿಜವಾಗಿ ಅದು 13 ಅಡಿಯ ಆನಿಂಗು. ಬಂದ ತೋಳುಗಳು ಗೋಡೆಯ ಹಳೆಯ ತೂತುಗಳಿಗೆ ಒಂದಡಿ ಒಳಗೇ ನಿಂತವು. ಆ ಸೆಟ್ಟು ಇಂದಿಗೂ ನಮ್ಮ ಅಟ್ಟದಲ್ಲಿದೆ, ಹೊಸ ಹುಡುಗರಿಗೆ ಅಳತೆ ಕಲಿಸುವಾಗ ಕೆಳಗಿಳಿಸುತ್ತೇವೆ.

ಬ್ರಿಟನ್ನಿನ ಕ್ಯಾಟಲಾಗು ನೋಡಿ ‘950 ಸೆಂಟಿಮೀಟರಿನದು ಬೇಕು’ ಎನ್ನುವವರಿಗೂ ಒಂದು ಮಾತು. ಅದು ಎಳೆಬಂಡಿ ಕ್ಯಾರವಾನಿಗೆ ಡೇರೆಯಂತೆ ಜೋಡಿಸುವ ಆನಿಂಗಿನ ಸುತ್ತಳತೆ: ಒಂದು ತುದಿಯಲ್ಲಿ ನೆಲದಿಂದ ಹೊರಟು, ರೈಲಿನ ಉದ್ದಕ್ಕೂ ಹೋಗಿ, ಇನ್ನೊಂದು ತುದಿಯಲ್ಲಿ ನೆಲ ಮುಟ್ಟುವವರೆಗಿನದು. ಮೂವತ್ತೊಂದು ಅಡಿಯ ನೆರಳು ಎಂದು ಅದರ ಅರ್ಥವಲ್ಲ.

ಅಳೆಯುವುದಕ್ಕೆ ಸ್ಟೀಲ್ ಟೇಪೇ ಆಗಬೇಕು. ದರ್ಜಿಯ ಟೇಪು ಹಿಗ್ಗುತ್ತದೆ. ಟೇಪಿನ ತುದಿಯ ಕೊಕ್ಕೆ ಅಲ್ಲಾಡುತ್ತದೆಂದು ಕೆಲವರು ಅದನ್ನು ಬಡಿದು ಬಿಗಿ ಮಾಡಿಬಿಡುತ್ತಾರೆ. ಅದು ತನ್ನ ದಪ್ಪದಷ್ಟು ಅಲ್ಲಾಡುವಂತೆಯೇ ಮಾಡಿದ್ದು, ಅಂಚಿಗೆ ಸಿಕ್ಕಿಸಿ ಎಳೆದಾಗಲೂ ಗೋಡೆಗೆ ಒತ್ತಿ ಹಿಡಿದಾಗಲೂ ಒಂದೇ ಅಳತೆ ಬರಲೆಂದು. ಹತ್ತು ಅಡಿ ದಾಟಿದ ಅಳತೆಗೆ ಇಬ್ಬರು ಬೇಕು, ಇಲ್ಲದಿದ್ದರೆ ಟೇಪು ನಡುವೆ ಜೋತು ಅರ್ಧ ಇಂಚು ಸುಳ್ಳು ಹೇಳುತ್ತದೆ. ಮೂರು ಸಲ ಅಳೆದು, ಮೂರೂ ಒಂದೇ ಬಂದರೆ ಬರೆದುಕೊಳ್ಳಬೇಕು.

ಬಟ್ಟೆಯ ಆಯ್ಕೆಯೂ ಅಳತೆಗೆ ಸೇರಿದ್ದೇ. ಅಕ್ರಿಲಿಕ್ ಬಟ್ಟೆ ಗಾಳಿಯಾಡುತ್ತದೆ, ಬೇಗ ಒಣಗುತ್ತದೆ, ಆದರೆ ಅದರ ಮೇಲೆ ನೀರು ನಿಂತರೆ ತೊಟ್ಟಿಕ್ಕುತ್ತದೆ. ಪಿವಿಸಿ ಲೇಪದ ಬಟ್ಟೆಯಲ್ಲಿ ಒಂದು ಹನಿಯೂ ಇಳಿಯುವುದಿಲ್ಲ, ಆದರೆ ಒದ್ದೆಯಿದ್ದಾಗ ಸುತ್ತಿಟ್ಟರೆ ಜುಲೈ-ಆಗಸ್ಟಿನ ಜಡಿಮಳೆಯ ಕಕ್ಕಡ ತಿಂಗಳ ಒಂದು ವಾರದಲ್ಲಿ ಬೂಷ್ಟು ಹಿಡಿದು ಕಪ್ಪು ಚುಕ್ಕೆ ಕೂರುತ್ತದೆ, ಆ ಕಲೆ ಹೋಗುವುದಿಲ್ಲ. ಮಡಿಕೇರಿ, ನಾಪೋಕ್ಲು ಕಡೆಯವರಿಗೆ ನಾನು ಪಿವಿಸಿಯನ್ನೇ ಹೇಳುತ್ತೇನೆ, ಮಳೆಗಾಲದಲ್ಲಿ ಗಾಡಿಯನ್ನು ಶೆಡ್ಡಿನೊಳಗೆ ನಿಲ್ಲಿಸಿ ಬಟ್ಟೆ ಬಿಚ್ಚಿ ಒಣಗಿಸುವ ಷರತ್ತಿನೊಂದಿಗೆ. ಮಳೆ ಬಹಳ ಕಡಿಮೆಯಿರುವ ಕುಶಾಲನಗರದ ಬಯಲಿಗೆ ಅಕ್ರಿಲಿಕ್ ಸಾಕು. ಬಟ್ಟೆ ಹರಿದಾಗ ಲಾರಿ ಟಾರ್ಪಾಲನ್ನು ಹೊಲಿಸಿ ಹಾಕಿಕೊಡಿ ಎಂದು ಕೇಳುವುದುಂಟು. ಉದ್ದ ಅಗಲ ಸರಿಹೊಂದಿದರೂ ದಪ್ಪ ಸರಿಹೊಂದುವುದಿಲ್ಲ. ರೋಲರಿನ ಮೇಲೆ ಸುತ್ತಿದಾಗ ಉರುಳೆ ದಪ್ಪವಾಗಿ ಕ್ಯಾಸೆಟ್ಟಿನ ಮುಚ್ಚಳ ಮುಚ್ಚುವುದೇ ಇಲ್ಲ.

ಆನಿಂಗು ಯಾವ ಬದಿಗೆ ಎನ್ನುವುದರಲ್ಲಿ ನಮಗೆ ಆಯ್ಕೆಯಿಲ್ಲ. ಎಡಗಡೆ ಚಲಿಸುವ ದೇಶವಾದ್ದರಿಂದ ಜನ ಇಳಿಯುವ ಬಾಗಿಲು ಎಡಕ್ಕಿರುತ್ತದೆ, ಆನಿಂಗೂ ಅಲ್ಲೇ. ಅಮೆರಿಕದಿಂದಲೋ ಜರ್ಮನಿಯಿಂದಲೋ ತರಿಸುವಾಗ ಹಿಡಿಕೆ ಅಥವಾ ಮೋಟಾರು ಯಾವ ತುದಿಗೆ ಬರುತ್ತದೆಂದು ಕೇಳಿಯೇ ತರಿಸಬೇಕು, ಏಕೆಂದರೆ ಅವರ ಗಾಡಿಗಳ ಬಾಗಿಲು ಬಲಕ್ಕೆ. 1988ರ ಮೋಟಾರು ವಾಹನ ಕಾಯ್ದೆಯ 52ನೆಯ ಕಲಮು ವಾಹನದ ಮಾರ್ಪಾಡಿಗೆ ಸಂಬಂಧಿಸಿದ್ದು. ಗೋಡೆಗೆ ತೂತು ಕೊರೆಯುವ ಮೊದಲು ಮಡಿಕೇರಿಯ ಆರ್‌ಟಿಒ ಕಚೇರಿಯಲ್ಲಿ ವಿಚಾರಿಸಿಕೊಂಡು ಬನ್ನಿ ಎಂದು ಎಲ್ಲರಿಗೂ ಹೇಳುತ್ತೇನೆ. ಕ್ಯಾಸೆಟ್ಟು ಗೋಡೆಯಿಂದ ಹೊರಗೆ ನಿಲ್ಲುವಷ್ಟು ಗಾಡಿಯ ಅಗಲ ಹೆಚ್ಚುತ್ತದೆ, ತೋಟದ ಗೇಟಿನ ಕಂಬಕ್ಕೆ ಉಜ್ಜಿದ ಮೇಲೆ ಅದು ನೆನಪಾದರೆ ಪ್ರಯೋಜನವಿಲ್ಲ.

ಆರ್ಡರು ಕೊಡುವ ಮೊದಲು ನಾನು ಒಂದು ಹಗ್ಗದ ಪರೀಕ್ಷೆ ಮಾಡಿಸುತ್ತೇನೆ. ರೈಲು ಬರಬೇಕಾದ ಜಾಗದಲ್ಲಿ ಎರಡು ಹಗ್ಗ ಕಟ್ಟಿ, ಬೇಕಾದ ಚಾಚಿನ ದೂರದಲ್ಲಿ ಎರಡು ಬಿದಿರು ನೆಟ್ಟು, ಅಡಿಗೆ ಮೂರು ಇಂಚಿನ ಇಳಿತದಲ್ಲಿ ಹಗ್ಗವನ್ನು ಬಿಗಿದು, ಬಿದಿರಿಂದ ಬಿದಿರಿಗೆ ಇನ್ನೊಂದನ್ನು ಅಡ್ಡಲಾಗಿ ಎಳೆಯುವುದು. ಆಮೇಲೆ ಬಾಗಿಲು ತೆರೆದು ಮುಚ್ಚಬೇಕು, ಕುರ್ಚಿ ಹಾಕಬೇಕು, ಓಡಾಡಬೇಕು. ಗೋಣಿಕೊಪ್ಪದ ಕಡೆಯ ಬೆಳೆಗಾರರೊಬ್ಬರು, ನನಗಿಂತ ಹಿರಿಯರು, ಏಳೂವರೆ ಅಡಿ ರೈಲಿನ ಗಾಡಿಗೆ 8 ಅಡಿ ಚಾಚು ಬೇಕೆಂದು ಹಟ ಹಿಡಿದಿದ್ದರು. ‘ಪುತ್ತರಿ ಹಬ್ಬಕ್ಕೆ ನೆಂಟರು ಬಂದರೆ ಎಲ್ಲಿ ಕೂರಿಸಲಿ ಮಾರಾಯ?’ ಎಂದರು. ‘ಅಣ್ಣಾ, ಒಂದು ಸಲ ಹಗ್ಗದ ಕೆಳಗೆ ನಡೆದು ನೋಡಿ’ ಎಂದೆ. ಕಾಫಿ ಲೋಟ ಹಿಡಿದು ಒಳಗಿನಿಂದ ಹೊರಟವರು ಅಡ್ಡ ಹಗ್ಗ ಹುಬ್ಬಿನ ಮೇಲೆ ತಾಗಿ ನಿಂತರು, ಕಾಫಿ ಅಂಗಿಯ ಮೇಲೆ ಚೆಲ್ಲಿತು. ಸುಮ್ಮನೆ ಬಿದಿರುಗಳನ್ನು ತಾವೇ ಕಿತ್ತು ಎರಡು ಅಡಿ ಒಳಗೆ ತಂದು ನೆಟ್ಟರು, ಇನ್ನೊಮ್ಮೆ ನಡೆದರು. 10 ಅಡಿ ಅಗಲ, 6 ಅಡಿ ಚಾಚಿಗೆ ಆರ್ಡರು ಬರೆಸಿ ಎದ್ದವರು, ನೆಂಟರಿಗೆಂದು ಬೇರೆಯೇ ಒಂದು ಟಾರ್ಪಾಲಿನ ರೇಟು ಕೇಳಿದರು.