ಕ್ರಿಮಿನಲ್ ಕೇಸಿಗೆ ಗಡುವು: ಸುಪ್ರೀಂ ಕೋರ್ಟ್ ಎರಡು ಸಲ ಹಾಕಿ, ಎರಡು ಸಲ ತೆಗೆದದ್ದು ಏಕೆ?

1979ರ ಆರಂಭದಲ್ಲಿ ಬಿಹಾರದ ಜೈಲುಗಳ ಕುರಿತು ಇಂಡಿಯನ್ ಎಕ್ಸ್‌ಪ್ರೆಸ್ ಪತ್ರಿಕೆಯಲ್ಲಿ ಬರಹ ಬಂತು. ವಕೀಲೆ ಪುಷ್ಪಾ ಕಪಿಲಾ ಹಿಂಗೋರಾನಿ ಅದನ್ನೇ ಹಿಡಿದು ಸುಪ್ರೀಂ ಕೋರ್ಟಿಗೆ ಹೋದರು. ಕೆಲವರು ಜೈಲಿನಲ್ಲಿ ಕಳೆದಷ್ಟು ವರ್ಷದ ಶಿಕ್ಷೆ, ಆರೋಪ ಸಾಬೀತಾಗಿದ್ದರೂ ಆಗುತ್ತಿರಲಿಲ್ಲ. ಆದರೂ ವಿಚಾರಣೆಯೇ ಶುರುವಾಗದೆ ಒಳಗಿದ್ದರು. ಜಾಮೀನಿಗೆ ದುಡ್ಡಿಲ್ಲ, ವಕೀಲರಿಲ್ಲ. ಹುಸೈನಾರಾ ಖಾತೂನ್ ಪ್ರಕರಣ ಎಂದು ಹೆಸರಾದ ಈ ಕೇಸಿನಲ್ಲಿ ನ್ಯಾಯಮೂರ್ತಿ ಪಿ.ಎನ್. ಭಗವತಿ ಅವರ ಪೀಠ, ಬೇಗ ವಿಚಾರಣೆ ಆಗುವುದು ಸಂವಿಧಾನದ 21ನೇ ವಿಧಿಯ ಹಕ್ಕು ಎಂದಿತು.

ಹಕ್ಕು ಸಿಕ್ಕಿತು. ಆದರೆ 'ಬೇಗ' ಅಂದರೆ ಎಷ್ಟು ದಿನ? ಮಹಾರಾಷ್ಟ್ರದ ಮಾಜಿ ಮುಖ್ಯಮಂತ್ರಿ ಎ.ಆರ್. ಅಂತುಳೆ ಅವರ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಇಷ್ಟೇ ದಿನ ಎಂದು ಹೇಳಲು ಒಪ್ಪಲಿಲ್ಲ. ತಡಕ್ಕೆ ಯಾರು ಕಾರಣ, ಕೇಸು ಎಂಥದ್ದು ಎಂದು ಪ್ರತಿ ಸಲವೂ ನೋಡಬೇಕು ಎಂದಿತು. ಆದರೆ 1996ರಿಂದ 1999ರ ನಡುವೆ ಚಿಕ್ಕ ಪೀಠಗಳು ಗಡುವು ಹಾಕಿಯೇ ಬಿಟ್ಟವು. ಕೆಲವು ಬಗೆಯ ಕೇಸುಗಳಲ್ಲಿ 2 ವರ್ಷ ಕಳೆದರೂ ವಿಚಾರಣೆ ಶುರುವಾಗದಿದ್ದರೆ ಆರೋಪಿಯನ್ನು ಬಿಡಬೇಕು ಎಂದವು.

ಅದರ ಪರಿಣಾಮ ಕಂಡದ್ದು ನಮ್ಮ ಮಂಗಳೂರಿನಲ್ಲಿ. ಅಲ್ಲಿನ ಪಾಲಿಕೆ ನೌಕರರೊಬ್ಬರ ಮೇಲೆ ಅಕ್ರಮ ಆಸ್ತಿಯ ಕೇಸಿತ್ತು. 1994ರಲ್ಲಿ ಚಾರ್ಜ್‌ಶೀಟ್ ಆಯಿತು. 1999 ಬಂದರೂ ವಿಚಾರಣೆ ಶುರುವಾಗಿರಲಿಲ್ಲ. ಗಡುವು ಮುಗಿದಿದೆ ಎಂದು ವಿಶೇಷ ನ್ಯಾಯಾಲಯ ಅವರನ್ನು ಖುಲಾಸೆ ಮಾಡಿತು. ತಪ್ಪು ಮಾಡಿದ್ದಾರೋ ಇಲ್ಲವೋ ಎಂದು ಯಾರೂ ನೋಡಲೇ ಇಲ್ಲ. ಸರ್ಕಾರದ ಮೇಲ್ಮನವಿಯನ್ನು ಹೈಕೋರ್ಟ್ ಒಪ್ಪಿತು, ಅದೂ ಆರೋಪಿಗೆ ನೋಟಿಸ್ ಕೊಡದೆ. 2002ರಲ್ಲಿ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಇದನ್ನು ಕೇಳಿ, ಇಂಥ ಗಡುವು ಹಾಕುವುದು ಕಾನೂನು ಮಾಡುವವರ ಕೆಲಸ, ಕೋರ್ಟಿನದ್ದಲ್ಲ ಎಂದು ಹಳೆಯ ಗಡುವುಗಳನ್ನು ಕಿತ್ತುಹಾಕಿತು. ಕೇಸು ಮತ್ತೆ ಹೈಕೋರ್ಟಿಗೇ ಹೋಯಿತು, ಹೊಸದಾಗಿ ಕೇಳಲು! ತಡದ ಬಗೆಗಿನ ಕೇಸಿಗೇ ಇಷ್ಟು ತಡವಾದದ್ದು ನೋವಿನ ಸಂಗತಿ.

ಎರಡನೇ ಪ್ರಯತ್ನ 2018ರದ್ದು. ಕೆಳಗಿನ ಕೋರ್ಟಿನ ಎಷ್ಟೋ ಕೇಸುಗಳು ಮೇಲಿನ ಕೋರ್ಟಿನ ತಡೆಯಾಜ್ಞೆಯಿಂದಲೇ ನಿಂತಿರುತ್ತವೆ. ಹಾಗಾಗಿ 6 ತಿಂಗಳಾದರೆ ತಡೆಯಾಜ್ಞೆ ತಾನಾಗಿ ರದ್ದು ಎಂದಿತು ಸುಪ್ರೀಂ ಕೋರ್ಟ್. ಹೈಕೋರ್ಟಿಗೆ ಕೇಳಲು ಬಿಡುವಾಗದಿದ್ದರೆ ಅದರಲ್ಲಿ ಅರ್ಜಿದಾರರ ತಪ್ಪೇನು, ಅಲ್ವಾ? 2024ರ ಫೆಬ್ರವರಿ 29ರಂದು ಐವರ ಪೀಠ ಅದನ್ನೂ ತೆಗೆಯಿತು. ತೀರಾ ಅಪರೂಪಕ್ಕಲ್ಲದೆ ಬೇರೆ ಕೋರ್ಟಿನ ಕೇಸಿಗೆ ಗಡುವು ಕೊಡಬೇಡಿ ಎಂದೂ ಹೇಳಿತು.

ಗಡುವು ತೆಗೆದ ಈ ಎರಡೂ ತೀರ್ಪುಗಳು ಸರಿ ಎಂದೇ ನನ್ನ ಅನಿಸಿಕೆ. ದಿನಕ್ಕೆ ರಾಶಿ ಕೇಸು ನೋಡಬೇಕಾದ ನ್ಯಾಯಾಧೀಶರಿಗೆ ತಾರೀಖು ಹೇಳಿದರೆ ಒಂದು ಕೇಸು ಮುಂದೆ ಬಂದು ಇನ್ನೊಂದು ಹಿಂದಕ್ಕೆ ಹೋಗುತ್ತದೆ, ಅಷ್ಟೇ. 10 ಲಕ್ಷ ಜನರಿಗೆ 50 ನ್ಯಾಯಾಧೀಶರು ಬೇಕು ಎಂದು ಕಾನೂನು ಆಯೋಗ 1987ರಲ್ಲೇ ಹೇಳಿತ್ತು. 5 ವರ್ಷದಲ್ಲಿ ಅಲ್ಲಿಗೆ ಮುಟ್ಟಿ ಎಂದು ಸುಪ್ರೀಂ ಕೋರ್ಟ್ 2002ರಲ್ಲಿ ಆದೇಶಿಸಿತು. ಇವತ್ತಿಗೂ ಅದರ ಅರ್ಧದಷ್ಟೂ ಆಗಿಲ್ಲ.

ಈಗ ಕೋರ್ಟುಗಳು ಜಾಮೀನಿನ ದಾರಿ ಹಿಡಿದಿವೆ. ವಿಚಾರಣೆ ಸದ್ಯಕ್ಕೆ ಮುಗಿಯುವಂತಿಲ್ಲ ಎಂದಾದರೆ ಜಾಮೀನು ಸುಲಭಕ್ಕೆ ಸಿಗದ ಯುಎಪಿಎ (ಭಯೋತ್ಪಾದನೆ ತಡೆಯುವ ಕಾನೂನು) ಕೇಸಿನಲ್ಲೂ ಜಾಮೀನು ಕೊಡಬಹುದು ಎಂದು 2021ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. 2024ರ ಜುಲೈನಲ್ಲಿ ಜಾರಿಯಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 479ನೇ ಸೆಕ್ಷನ್ ಪ್ರಕಾರ, ಹಿಂದೆ ಯಾವ ಕೇಸಿನಲ್ಲೂ ಅಪರಾಧಿ ಎಂದು ತೀರ್ಮಾನವಾಗದವರು ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗ ಜೈಲಲ್ಲಿ ಕಳೆದಿದ್ದರೆ ಬಿಡುಗಡೆಗೆ ಅರ್ಹರು. ಮರಣದಂಡನೆ, ಜೀವಾವಧಿ ಶಿಕ್ಷೆಯ ಅಪರಾಧಗಳಿಗೆ ಇದು ಇಲ್ಲ. ಒಂದಕ್ಕಿಂತ ಜಾಸ್ತಿ ಕೇಸು ಇದ್ದವರಿಗೂ ಇಲ್ಲ. ಕೋರ್ಟಿಗೆ ಅರ್ಜಿ ಹಾಕುವ ಹೊಣೆ ಜೈಲು ಸೂಪರಿಂಟೆಂಡೆಂಟ್ ಅವರದು. ನಿಮ್ಮ ಪರಿಚಯದವರು ಯಾರಾದರೂ ಒಳಗಿದ್ದರೆ ಆ ಅರ್ಜಿ ಹೋಗಿದೆಯೇ ಎಂದು ಜೈಲಿನಲ್ಲಿ ಕೇಳಿ. ವಕೀಲರಿಲ್ಲದಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ.