ಉರುಟಣೆಯಿಂದ ಕ್ಯಾಬರೆವರೆಗೆ: ಬಯಕೆಯ ಹಾಡು ಯಾರ ಬಾಯಲ್ಲಿ?

ಸಾಗರ, ಹೊಸನಗರ ಕಡೆಯ ಹಳೇ ಮದುವೆಮನೆಗಳಲ್ಲಿ ಉರುಟಣೆ ಅಂತ ಒಂದು ಶಾಸ್ತ್ರ. ಮದುಮಗಳು ಮದುಮಗನ ಕೈಗೆ, ಕೆನ್ನೆಗೆ ಅರಿಸಿನ ಹಚ್ಚುತ್ತಾ ಹಾಡಬೇಕು, ಹಾಡಿನಲ್ಲೇ ಅವನನ್ನು ಹಂಗಿಸಬೇಕು. ಅವಳು ನಾಚಿ ತಲೆ ತಗ್ಗಿಸಿದರೆ ಹಿಂದೆ ಕೂತ ಅಜ್ಜಿಯರು ಸಾಲು ಎತ್ತಿಕೊಡುತ್ತಾರೆ. ರಾತ್ರಿಯ ಸುಳಿವಿರುವ ಸಾಲು ಬಂದಾಗ ನಗು ಜಾಸ್ತಿ. ಸಿನಿಮಾ ಬಂದು ಹಾಡು ಕೆಟ್ಟಿತು ಅನ್ನುವವರಿಗೆ ನಾನು ಮೊದಲು ಹೇಳುವುದು ಇದನ್ನೇ.

ಇನ್ನೂ ಹಿಂದೆ ಹೋದರೆ ಶಿಕಾರಿಪುರ ತಾಲ್ಲೂಕಿನ ಉಡುತಡಿ. 12ನೇ ಶತಮಾನದ ಅಕ್ಕಮಹಾದೇವಿ ಚೆನ್ನಮಲ್ಲಿಕಾರ್ಜುನನೇ ಗಂಡ ಎಂದಳು. ಸಾಯುವ, ಕೆಡುವ ಗಂಡಂದಿರನ್ನು ಒಲೆಗಿಕ್ಕು ಎಂದು ತಾಯಿಗೆ ಹೇಳಿದಳು. ಅವಳ ಭಕ್ತಿಗೆ ಮೈ ಇದೆ. ಭಜನೆಯಲ್ಲಿ ಹಾಡುವಾಗ ಆ ಮೈಯನ್ನು ನಾವು ಮರೆತೇಬಿಡುತ್ತೇವೆ.

19ನೇ ಶತಮಾನದಲ್ಲಿ ಮೈಸೂರು ಆಸ್ಥಾನ ಪೋಷಿಸಿದ ಜಾವಳಿ ಎಂಬ ಶೃಂಗಾರದ ಹಾಡುಗಳಲ್ಲೂ ನಾಯಕಿಯದೇ ಮಾತು: ಇನಿಯನನ್ನು ಕರೆಯುತ್ತಾಳೆ, ಬೇರೊಬ್ಬಳ ಮನೆಗೆ ಹೋಗಿಬಂದವನನ್ನು ಬೈಯುತ್ತಾಳೆ. ಹಾಡಿ ಕುಣಿದವರು ದೇವದಾಸಿಯರು. 1909ರಲ್ಲಿ ಮೈಸೂರು ಸರ್ಕಾರ ದೇವಸ್ಥಾನಗಳಲ್ಲಿ ಅವರ ಸೇವೆ ನಿಲ್ಲಿಸಿತು. ಆ ಶೋಷಣೆ ಹೋಗಲೇಬೇಕಿತ್ತು, ಎರಡು ಮಾತಿಲ್ಲ. ಆದರೆ ಆಸೆಯನ್ನು ಬಾಯಿಬಿಟ್ಟು ಹಾಡಬಲ್ಲ ಹೆಣ್ಣಿಗೂ ಅದರ ಜೊತೆಗೇ ಜಾಗ ತಪ್ಪಿತು.

ಸಿನಿಮಾ ಆ ದನಿಯನ್ನು ಎರಡಾಗಿ ಸೀಳಿತು. 60, 70ರ ದಶಕಗಳಲ್ಲಿ ನಾಯಕಿಯ ಒಲವಿಗೆ ಪಿ. ಸುಶೀಲಾ, ಎಸ್. ಜಾನಕಿ, ಕ್ಲಬ್ಬಿನ ಕುಣಿತಕ್ಕೆ ಎಲ್.ಆರ್. ಈಶ್ವರಿ. ಈಶ್ವರಿಯ ದನಿಗೆ ಟಾಕೀಸಿನಲ್ಲಿ ಶಿಳ್ಳೆ, ಮನೆಯಲ್ಲಿ ರೇಡಿಯೊ ಬಂದ್. ಗಂಡನ ಮನೆಯ ಹೆಣ್ಣಿಗೆ ಲಜ್ಜೆ, ಬಯಕೆಯೆಲ್ಲ ಕ್ಯಾಬರೆಯವಳಿಗೆ. ಈ ಪಾಲುಪಟ್ಟಿ ನಮ್ಮ ಉರುಟಣೆಯಲ್ಲಿ ಇರಲಿಲ್ಲ.

ಗಂಡಿನ ದನಿಗೆ ಇಂಥ ಕಟ್ಟು ಬೀಳಲಿಲ್ಲ. ಹೊಸನಗರ ತಾಲ್ಲೂಕಿನ ನಗರ ಎಂಬ ಊರಿನಿಂದ ಬಂದ ಶಿವಮೊಗ್ಗ ಸುಬ್ಬಣ್ಣ, ಚಂದ್ರಶೇಖರ ಕಂಬಾರರ 1979ರ ಚಿತ್ರಕ್ಕೆ 'ಕಾಡು ಕುದುರೆ' ಹಾಡಿ ರಾಷ್ಟ್ರಪ್ರಶಸ್ತಿ ಪಡೆದರು. ಆ ಪ್ರಶಸ್ತಿ ಪಡೆದ ಕನ್ನಡದ ಹಿನ್ನೆಲೆ ಗಾಯಕರಲ್ಲಿ ಅವರೇ ಮೊದಲಿಗರು. ಕಡಿವಾಣವಿಲ್ಲದೆ ಓಡಿಬರುವ ಆ ಕುದುರೆಯಲ್ಲಿ ನನಗೆ ಕೇಳಿಸುವುದು ಕಾಮವೇ. ಶಾಲೆಯ ವಾರ್ಷಿಕೋತ್ಸವದಲ್ಲೂ ಮಕ್ಕಳು ಅದನ್ನು ಹಾಡುತ್ತಾರೆ, ಚಪ್ಪಾಳೆ ಬೀಳುತ್ತದೆ.

ಈಚೆಗೆ ಸಾಗರದ ಹತ್ತಿರ ಒಂದು ಮದುವೆಗೆ ಹೋಗಿದ್ದೆ. ಅರಿಸಿನದ ಬಟ್ಟಲು ಹಿಡಿದು ಅಜ್ಜಿಯೊಬ್ಬರು ಉರುಟಣೆ ಶುರು ಮಾಡಿದರು. ಯಾರೋ ಮೊಬೈಲ್ ಎತ್ತಿ ಹಿಡಿದದ್ದೇ ತಡ, ಅಜ್ಜಿ ಒಂದು ನುಡಿ ನುಂಗಿಕೊಂಡು ಮುಂದಿನದಕ್ಕೆ ಹೋದರು. ಹೊರಗೆ ಶಾಮಿಯಾನದಡಿ ಸ್ಪೀಕರಿನಲ್ಲಿ ಐಟಂ ಸಾಂಗಿಗೆ ಪುಟ್ಟ ಮಕ್ಕಳು ಕುಣಿಯುತ್ತಿದ್ದರು. ಆ ನುಡಿ ಯಾವುದು ಅಂತ ಊಟದ ಹೊತ್ತಿಗೆ ಕೇಳಿದೆ. 'ಈಗ ಬೇಡ ಮಾರಾಯ' ಅಂದರು.